ತಂಬೂರಿ ಅಜ್ಜನವರ ಮಠದಲ್ಲೊಂದು ಕಲ್ಲಿನ ಕೆಲಸ

ಜಾಲಿದಿನ್ನಿಯ ಪೂಜ್ಯ ಚನ್ನಮಲ್ಲಯ್ಯ ಅಜ್ಜನವರ ದರ್ಶನಕ್ಕೆಂದು ಹೋದವರು ಮೊದಲ ಸಲ ಅವರನ್ನು ಗುರುತಿಸದೆ ದಾಟಿಹೋದದ್ದೇ ಹೆಚ್ಚು. ಗದ್ದುಗೆಯ ಮೇಲೆ ಹುಡುಕಿದರೆ ಅವರು ಸಿಗುತ್ತಿರಲಿಲ್ಲ. ತಗಡಿನ ಮಾಡಿನ ಕೆಳಗೆ, ಗೋಣಿತಾಟಿನ ಮೇಲೆ, ಮೂವತ್ತು ಹುಡುಗರ ನಡುವೆ ಕುಳಿತು ಜೋಳ ಹಸನು ಮಾಡುತ್ತಿದ್ದ ಮುದುಕರನ್ನು ಕಂಡು, "ಅಜ್ಜಾರು ಎಲ್ಲಿದಾರ?" ಎಂದು ಅವರನ್ನೇ ಕೇಳಿದವರುಂಟು. ಅಂಥವರಿಗೆ ಅಜ್ಜನವರು ಮೊರ ಪಕ್ಕಕ್ಕಿಟ್ಟು, "ಕುಂದರ್ರಿ, ಮೊದಲ ಊಟ ಆಗಲಿ" ಎನ್ನುತ್ತಿದ್ದರು. ತಮಗೆ ರೊಟ್ಟಿ ನೀಡಿದ ಕೈ ಯಾರದೆಂದು ತಿಳಿದಾಗ ಬಂದವರು ಊಟದ ನಡುವೆಯೇ ಎದ್ದು ಕಾಲಿಗೆ ಬೀಳುತ್ತಿದ್ದರು.

ಆ ಮಠಕ್ಕೆ ಹೊಲವಿರಲಿಲ್ಲ, ತೋಟವಿರಲಿಲ್ಲ. ಇದ್ದದ್ದು ಏಳು ತಂಬೂರಿ, ಎರಡು ಪೇಟಿ, ಒಂದು ಜೋಡಿ ತಬಲಾ, ಮತ್ತೆ ಯಾರಿಗೂ ಬೇಡವಾದ ಹುಡುಗರು. ಸಂತೆಯಲ್ಲಿ ಮೂಟೆ ಹೊರುತ್ತಿದ್ದವರು, ರೈಲಿನಲ್ಲಿ ಶೇಂಗಾ ಮಾರುತ್ತಿದ್ದವರು, ಹೆತ್ತವರು ತೀರಿಹೋಗಿ ಹೋಟೆಲಿನಲ್ಲಿ ಕಪ್ಪು ಬಸಿ ತೊಳೆಯುತ್ತಿದ್ದವರು. ಅಜ್ಜನವರು ಜೋಳಿಗೆ ಹಿಡಿದು ಊರೂರು ತಿರುಗಿ ಅವರ ಹೊಟ್ಟೆ ಹೊರೆಯುತ್ತಿದ್ದರು, ಸಂಗೀತ ಕಲಿಸುತ್ತಿದ್ದರು. ಅವರ ಕೈಯಲ್ಲಿ ಕಲಿತವರು ಶಾಲೆಗಳಲ್ಲಿ ಸಂಗೀತ ಮಾಸ್ತರರಾಗಿ, ನಾಟಕ ಕಂಪನಿಗಳಲ್ಲಿ ಪೇಟಿ ನುಡಿಸುವವರಾಗಿ ನಾಲ್ಕು ಜನರ ನಡುವೆ ತಲೆಯೆತ್ತಿ ಬಾಳುತ್ತಿದ್ದರು. ಜನ ಅವರನ್ನು ತಂಬೂರಿ ಅಜ್ಜಾರು ಎಂದೇ ಕರೆಯುತ್ತಿದ್ದರು.

ಆ ಹೆಸರಿಗೆ ಕಾರಣವಿತ್ತು. ಅಜ್ಜನವರ ಮಠದಲ್ಲಿ ಹೊಸ ಹುಡುಗನಿಗೆ ಒಂದು ವರ್ಷಕ್ಕೂ ಮಿಕ್ಕಿ ಹಾಡಲು ಅಪ್ಪಣೆಯಿರಲಿಲ್ಲ. ಅವನು ತಂಬೂರಿಯ ಹಿಂದೆ ಕೂತು ನಾಲ್ಕು ತಂತಿ ಮೀಟಬೇಕು. ತಂತಿಯ ಕೆಳಗಿನ ಹತ್ತಿಯ ಎಳೆಯನ್ನು ಅಷ್ಟಷ್ಟೇ ಸರಿಸಿ ನಾದ ಅರಳುವ ಜಾಗ ಹುಡುಕಬೇಕು. ತಂಬೂರಿಯ ಬುಡದ ಸೋರೆಬುರುಡೆ ಒರೆಸಬೇಕು. ಉಳಿದ ಹೊತ್ತೆಲ್ಲ ಕೇಳಬೇಕು. ಇದರ ಜೊತೆಗೆ ಒಂದು ಕಟ್ಟಪ್ಪಣೆ: ನಾದದಲ್ಲಿ ಏನಾದರೂ ತಪ್ಪು ಕಿವಿಗೆ ಬಿದ್ದರೆ ಮೀಟುವವನು ತಕ್ಷಣ ತಂತಿಯಿಂದ ಕೈ ತೆಗೆಯಬೇಕು, ಹಾಡುತ್ತಿರುವವರು ಯಾರೇ ಆಗಿರಲಿ. ಅಜ್ಜನವರು ತಾವೇ ಹಾಡುವಾಗ ಹತ್ತು ವರ್ಷದ ಪೋರರು ಕೈ ತೆಗೆದದ್ದುಂಟು. ಆಗ ಅವರು ಹಾಡು ನಿಲ್ಲಿಸಿ, ತಂಬೂರಿ ಸರಿಮಾಡಿಕೊಂಡು, ಪೋರನ ಬೆನ್ನು ತಟ್ಟಿ ಮುಂದುವರಿಯುತ್ತಿದ್ದರು.

ಈ ಪದ್ಧತಿ ತಿಳಿಯದೆ ಕೆರಳಿ ಬಂದವನೇ ಗಾಳೆಪ್ಪ. ಮಠದಿಂದ ಮೂರು ಹರದಾರಿ ದೂರದ ಕೆಂಪುಕಲ್ಲಿನ ಗಣಿಯಲ್ಲಿ ಅವನು ಕಲ್ಲೊಡೆಯುವವನು. ಸುತ್ತಿಗೆಯಿಂದ ಮೂರು ಏಟು ತಟ್ಟಿ, ಕಲ್ಲು ಗಟ್ಟಿಯೋ ಒಳಗೆ ಸೀಳಿದೆಯೋ ಹೇಳಬಲ್ಲವನು. ಅವನ ತಮ್ಮ ಹುಲುಗಪ್ಪ ಹೋದದ್ದು ಬೇರೊಬ್ಬರು ತಟ್ಟಿಯೂ ನೋಡದೆ "ಗಟ್ಟಿ ಐತಿ" ಅಂದುಬಿಟ್ಟ ಒಂದು ಬಂಡೆಯ ಕೆಳಗೆ. ಅಂದಿನಿಂದ ಗಾಳೆಪ್ಪ ಮೂರು ಸಲ ತಟ್ಟದೆ ಯಾವ ಕಲ್ಲಿಗೂ ಆ ಮಾತು ಆಡಿದವನಲ್ಲ. ಮೇಸ್ತ್ರಿ ಎಷ್ಟು ಅವಸರ ಮಾಡಿದರೂ ಅಷ್ಟೇ.

ಅವನ ಮಗ ಪರಸಪ್ಪ ಎಂಟು ವರ್ಷದವನಿದ್ದಾಗ ಗಣಿಯ ದೂಳು ಕುಡಿದು ಕುಡಿದು ಕೆಮ್ಮು ಹಿಡಿಸಿಕೊಂಡಿದ್ದ. ದವಾಖಾನೆಯಲ್ಲಿ, ಹುಡುಗ ಉಳಿಯಬೇಕಾದರೆ ದೂಳಿನಿಂದ ದೂರ ಇಡು ಅಂದರು. ದೂರ ಅಂದರೆ ಎಲ್ಲಿಗೆ? ಗಣಿಯ ಪಕ್ಕದ ಗುಡಿಸಲು ಬಿಟ್ಟರೆ ಗಾಳೆಪ್ಪನಿಗೆ ಬೇರೆ ನೆಲೆಯಿರಲಿಲ್ಲ. ಅದೇ ದಿನಗಳಲ್ಲಿ ಜೋಳಿಗೆ ಹಿಡಿದು ಅತ್ತ ಬಂದ ಅಜ್ಜನವರು ಕಲ್ಲಿನ ರಾಶಿಯ ಮೇಲೆ ಕೂತಿದ್ದ ಹುಡುಗನನ್ನು ಬಹಳ ಹೊತ್ತು ನೋಡುತ್ತ ನಿಂತರು. ಅವನು ಕೈಯಲ್ಲೊಂದು ಹರಳು ಹಿಡಿದು ಕಲ್ಲುಗಳನ್ನು ತಟ್ಟುತ್ತ, ಒಂದನ್ನು ಈ ಕಡೆ, ಒಂದನ್ನು ಆ ಕಡೆ ಎಸೆಯುತ್ತಿದ್ದ. "ಗಾಳೆಪ್ಪ, ಈ ಹುಡುಗನ್ನ ನನಗ ಕೊಡು" ಎಂದರು ಅಜ್ಜನವರು. ಯಾಕೆಂದು ಅವನು ಕೇಳಲಿಲ್ಲ, ಅವರೂ ಹೇಳಲಿಲ್ಲ.

ಹದಿನಾಲ್ಕು ತಿಂಗಳು ಕಳೆದವು. ಪಂಚಮಿಗೆ ಪರಸು ಮನೆಗೆ ಬಂದ. ಕೆಮ್ಮು ಹೋಗಿತ್ತು, ಮೈ ಕೈ ತುಂಬಿಕೊಂಡಿದ್ದವು. ಗುಡಿಸಲುಗಳ ಜನವೆಲ್ಲ ಬೇವಿನ ಗಿಡದ ಕೆಳಗೆ ಸೇರಿ, "ಒಂದು ಪದಾ ಹಾಡಲೇ ಪರಸ್ಯಾ" ಅಂದರು. ಹುಡುಗ ನೆಲ ನೋಡುತ್ತ, "ನನಗ ಇನ್ನಾ ಹಾಡು ಹೇಳಿಕೊಟ್ಟಿಲ್ಲ" ಅಂದ.

"ಮತ್ತ ಅಲ್ಲಿ ಏನ್ ಮಾಡ್ತಿ?"

"ತಂಬೂರಿ ಮೀಟ್ತೀನಿ. ದಾರ ಸರಸ್ತೀನಿ. ಬುರುಡಿ ಒರಸ್ತೀನಿ."

ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ವರ್ಷಗಟ್ಟಲೆ ಬುರುಡೆ ಒರೆಸಲು ಮಠಕ್ಕೇ ಹೋಗಬೇಕೇನು ಅಂದರು. ಗಾಳೆಪ್ಪನಿಗೆ ಆ ನಗು ಮೈಯೆಲ್ಲ ಚುಚ್ಚಿತು. ಅದಕ್ಕಿಂತ ಹೆಚ್ಚಾಗಿ ಒಂದು ಅನುಮಾನ ಕೊರೆಯತೊಡಗಿತು. ಮಂದಿಯ ಮಕ್ಕಳಿಗೆ ಹಾಡು, ಕಲ್ಲೊಡೆಯುವವನ ಮಗನಿಗೆ ಚಾಕರಿ. ಎಲ್ಲ ಕಡೆ ನಡೆಯುವುದೇ ಮಠದಲ್ಲೂ ನಡೆದಿದೆ ಅಂದುಕೊಂಡ. ಹಾಗೆ ಅಂದುಕೊಂಡದ್ದು ಅವನ ತಪ್ಪೂ ಅಲ್ಲ. ಅವನ ಆಯುಷ್ಯದಲ್ಲಿ ಅವನು ಕಂಡದ್ದು ಅದನ್ನೇ.

ಪರಸು ಮಠಕ್ಕೆ ಮರಳಿದ. ಗಾಳೆಪ್ಪ ಸಿಟ್ಟನ್ನು ಕಾಯಿಸುತ್ತ ಎರಡು ವಾರ ಕಳೆದು, ಶ್ರಾವಣದ ಕಡೆಯ ಸೋಮವಾರ ಕೆಲಸದ ಮೇಲಿಂದಲೇ ಎದ್ದು ಹೊರಟ. ಮೈಮೇಲೆ ಕೆಂಪು ದೂಳು, ಹೆಗಲಲ್ಲಿ ಚಾಣ ಸುತ್ತಿಗೆಯ ಚೀಲ.

ಅಂದು ಅಜ್ಜನವರ ಗುರುಗಳ ಆರಾಧನೆ. ದತ್ತೋಪಂತ ಬುವಾ ಎಂಬ ದೊಡ್ಡ ಗವಾಯಿಗಳು ತಮ್ಮ ಎರಡು ತಂಬೂರಿಗಳೊಂದಿಗೆ ಬೆಳಗಿನ ಬಸ್ಸಿಗೆ ಬಂದಿದ್ದರು. ಸುತ್ತಲಿನ ಊರುಗಳಿಂದ ರಸಿಕರು ನೆರೆದಿದ್ದರು. ಅಜ್ಜನವರು ಅಡಿಗೆಮನೆಯ ಬಾಗಿಲಲ್ಲಿ ಕೂತು ಹುಗ್ಗಿಗೆ ಗೋಧಿ ಆರಿಸುತ್ತಿದ್ದಾಗ ಗಾಳೆಪ್ಪ ಎದುರು ಬಂದು ನಿಂತ. ಕಾಲಿಗೂ ಬೀಳಲಿಲ್ಲ.

"ಹುಡುಗನ್ನ ಕರಕೊಂಡು ಹೋಗಾಕ ಬಂದೀನ್ರಿ ಬುದ್ಧಿ. ಚಾಕರಿ ಮಾಡೂದಿದ್ರ ನಮ್ಮ ಗಣಿಯೊಳಗ ಬೇಕಾದಷ್ಟೈತಿ. ನೀವು ಹಾಡು ಕಲಸ್ತೀರಿ ಅಂತ ಕೊಟ್ಟಿದ್ದೆ. ನಮ್ಮಂಥವರ ಮಕ್ಕಳಿಗೆ ಹಾಡು ಒಗ್ಗೂದಿಲ್ಲ ಅನ್ನೂ ಹಂಗಿದ್ರ ಅವತ್ತ ಹೇಳಬೇಕಿತ್ತು."

ಪಕ್ಕದಲ್ಲಿದ್ದ ಹಿರಿಯ ಶಿಷ್ಯರು ಬೆಚ್ಚಿದರು. ಅಜ್ಜನವರ ಮುಖದ ಒಂದು ಗೆರೆಯೂ ಅಲುಗಲಿಲ್ಲ. ಕೈಯಲ್ಲಿದ್ದ ಗೋಧಿಯನ್ನು ಮೊರಕ್ಕೆ ಬಿಟ್ಟು, "ಇವತ್ತ ತಂಬೂರಿಗೆ ಅವನ ಪಾಳಿ ಐತಿ. ಮುಗಿದ ಮ್ಯಾಲೆ ಕರಕೊಂಡು ಹೋಗು" ಎಂದಷ್ಟೇ ಹೇಳಿದರು.

ಗಾಳೆಪ್ಪ ಸಭೆಯ ಹಿಂದಿನ ಕಂಬಕ್ಕೆ ಒರಗಿ ನಿಂತ. ಬುವಾ ಅವರು ಕಟ್ಟೆಯ ಮೇಲೆ ಕುಳಿತಿದ್ದರು. ಅವರ ಬೆನ್ನ ಹಿಂದೆ ಎಡಕ್ಕೊಂದು ಬಲಕ್ಕೊಂದು ತಂಬೂರಿ. ಬಲಗಡೆಯದು ಪರಸುವಿನ ಮಡಿಲಲ್ಲಿ. ಹುಡುಗನಿಗಿಂತ ತಂಬೂರಿಯೇ ಎತ್ತರವಾಗಿತ್ತು. ನೋಡು, ಇಲ್ಲೂ ಹಿಂದೆಯೇ ಕೂಡಿಸಿದ್ದಾರೆ ಎಂದು ಗಾಳೆಪ್ಪ ಹಲ್ಲು ಕಚ್ಚಿದ. ಸಂಗೀತ ಶುರುವಾಯಿತು. ಬುವಾ ಅವರ ಕಂಠ ಹದವಾಗಿ ಬಿಚ್ಚಿಕೊಳ್ಳುತ್ತ ಹೋಯಿತು, ಸಭೆ ತಲೆದೂಗಿತು. ಗಾಳೆಪ್ಪನಿಗೆ ಮಾತ್ರ ಏನೂ ಹಿಡಿಸಲಿಲ್ಲ. ಸಿಟ್ಟು ತುಂಬಿದ ಕಿವಿಯಲ್ಲಿ ಬೇರೇನಕ್ಕೂ ಜಾಗವಿರಲಿಲ್ಲ.

ಕಾಲುಗಂಟೆ ಕಳೆದಿರಬೇಕು. ಬಲಗಡೆಯ ತಂಬೂರಿ ನಿಂತುಹೋಯಿತು.

ಪರಸು ತಂತಿಯಿಂದ ಕೈ ತೆಗೆದು ಕೂತಿದ್ದ. ಬುವಾ ಅವರು ಕೈಸನ್ನೆ ಮಾಡಿದರು. ಹುಡುಗ ಮೀಟಲಿಲ್ಲ. ಅವರು ಹಾಡು ನಿಲ್ಲಿಸಿ ಹಿಂದೆ ತಿರುಗಿದರು.

"ಯಾಕೋ? ನಿದ್ದಿ ಬಂತೇನು?"

"ಇಲ್ರಿ. ಬುರುಡಿ ಒಳಗ ಸೀಳೈತ್ರಿ."

ಬುವಾ ಅವರ ಮುಖ ಕೆಂಪಗಾಯಿತು. ಬುರುಡೆಯನ್ನು ತಿರುಗಿಸಿ ತಿರುಗಿಸಿ ನೋಡಿದರು. ಕನ್ನಡಿಯಂಥ ಮೆರುಗು, ಅದರ ಮೇಲೆ ಬಿಳಿ ಬಣ್ಣದ ಬಳ್ಳಿ. ಕೂದಲೆಳೆಯ ಗೆರೆಯೂ ಕಾಣಲಿಲ್ಲ. ತಂತಿ ಮೀಟಿದರು. ಸಭೆಯಲ್ಲಿದ್ದ ಬಲ್ಲವರೂ ಕಿವಿಗೊಟ್ಟು, ಏನೂ ಇಲ್ಲವೆಂದು ತಲೆಯಲ್ಲಾಡಿಸಿದರು.

"ಇದು ನಮ್ಮ ಗುರುಗಳು ಕೊಟ್ಟ ತಂಬೂರಿ. ಮೂವತ್ತು ವರ್ಷ ನನ್ನ ಬೆನ್ನ ಹಿಂದ ನುಡದದ" ಎಂದ ಬುವಾ ಅವರಿಗೆ ಅಷ್ಟರಲ್ಲಿ ಬೇರೊಂದು ಹೊಳೆಯಿತು. "ಹೌದು, ಬಸ್ಸಿನಿಂದ ಇಲ್ಲಿತನಕ ಇದನ್ನ ಹೊತ್ತು ತಂದವರು ಯಾರು?"

"ನಾನ್ರಿ" ಅಂದ ಪರಸು.

ಸಭೆಯಲ್ಲಿ ಗುಸುಗುಸು ಎದ್ದಿತು. ಕೆಡವಿರಬೇಕು, ಹೆದರಿಕೊಂಡು ಈಗ ಹೇಳುತ್ತಿದ್ದಾನೆ ಎಂದು ಯಾರೋ ಅಂದದ್ದು ಗಾಳೆಪ್ಪನ ಕಿವಿಗೆ ಬಿತ್ತು. ಗಣಿಯ ಹುಡುಗನ ಕೈಗೆ ಅಂಥ ವಸ್ತು ಕೊಟ್ಟದ್ದೇ ತಪ್ಪು ಎಂದೂ ಒಬ್ಬರೆಂದರು. ಗಾಳೆಪ್ಪ ಕಂಬ ಬಿಟ್ಟು ಒಂದು ಹೆಜ್ಜೆ ಮುಂದಿಟ್ಟ. ಮಗನನ್ನು ಎತ್ತಿಕೊಂಡು ಓಡಿಬಿಡಬೇಕು ಎನಿಸಿತು.

ಅಜ್ಜನವರು ಇದುವರೆಗೆ ಅಡಿಗೆಮನೆಯ ಬಾಗಿಲ ಬಳಿಯೇ ನಿಂತಿದ್ದರು. ಈಗ ಸಭೆಯ ಹಿಂದಕ್ಕೆ ನೋಡಿ, ಪಕ್ಕದ ಮನೆಯವನನ್ನು ಕರೆಯುವಂತೆ ಕರೆದರು:

"ಗಾಳೆಪ್ಪ, ಕಲ್ಲಿನ ಕೆಲಸ ಬಂದೈತಿ. ಬಾ ಇಲ್ಲಿ."

ಜನ ಎರಡು ಪಾಲಾಗಿ ದಾರಿ ಬಿಟ್ಟರು. ಗಾಳೆಪ್ಪ ಕಟ್ಟೆಯ ಕೆಳಗೆ ಬಂದು ನಿಂತ. ತನ್ನ ದೂಳಿನ ಕಾಲು ನೋಡಿಕೊಂಡ, ಮೇಲೆ ಹಾಸಿದ್ದ ಬಿಳಿ ಜಮಖಾನೆ ನೋಡಿದ. ಅಜ್ಜನವರೇ ಅವನ ರಟ್ಟೆ ಹಿಡಿದು ಹತ್ತಿಸಿಕೊಂಡು, ತಂಬೂರಿಯನ್ನು ಅವನ ಮುಂದೆ ಮಲಗಿಸಿದರು. "ತಟ್ಟಿ ನೋಡು" ಎಂದರು.

ಗಾಳೆಪ್ಪ ಬೆರಳು ಮಡಿಸಿ, ಗೆಣ್ಣಿನಿಂದ ಬುರುಡೆಯ ಒಂದು ಮಗ್ಗುಲು ತಟ್ಟಿದ. ಟಣ್ ಎಂದಿತು. ನಡುವೆ ತಟ್ಟಿದ. ಅದೂ ಸರಿ. ಬಳ್ಳಿಯ ಚಿತ್ರವಿದ್ದ ಕೆಳಭಾಗದಲ್ಲಿ ಮೂರನೆಯದನ್ನು ತಟ್ಟಿದ. ಸದ್ದು ಅಲ್ಲೇ ಸತ್ತಿತು. ಇಪ್ಪತ್ತೈದು ವರ್ಷ ಅವನು ಕೇಳುತ್ತ ಬಂದ ಸದ್ದು ಅದು. ತಪ್ಪಿಲ್ಲ, ಸೀಳಿದೆ.

ಆಗ ಅವನಿಗೆ ಬಂದ ಸಂಕಟ ಶತ್ರುವಿಗೂ ಬೇಡ. ಸೀಳಿದೆ ಎಂದರೆ ಕೆಡವಿದವನು ಮಗನೇ ಎಂದು ಎಲ್ಲರೂ ಒಂದೇ ಬಾಯಲ್ಲಿ ಹೇಳುತ್ತಾರೆ. ಗಟ್ಟಿ ಇದೆ ಎಂದರೆ ಹುಡುಗನಿಗೆ ಕಿವಿ ತಪ್ಪಿತು ಅಂದುಕೊಂಡು ಬಿಟ್ಟುಬಿಡುತ್ತಾರೆ. ಹೇಗೂ ಕರೆದುಕೊಂಡು ಹೋಗಲೆಂದೇ ಬಂದದ್ದು. ಒಂದು ಮಾತು, ಅಷ್ಟೇ. ಮಗನ ಕಡೆ ನೋಡಿದ. ಹುಡುಗ ಹೆದರಿರಲಿಲ್ಲ. ಅಪ್ಪ ಕಲ್ಲು ತಟ್ಟುವಾಗ ಪಕ್ಕದಲ್ಲಿ ಕೂತು ನೋಡುತ್ತಿದ್ದ ಹಾಗೆಯೇ, ಸದ್ದು ಕೇಳಿಸಿತಲ್ಲ ಎಂಬಂತೆ ನೋಡುತ್ತಿದ್ದ. ಗಾಳೆಪ್ಪನ ಕಣ್ಣೆದುರು ಹುಲುಗಪ್ಪನ ಬಂಡೆ ಬಂತು.

"ಐತ್ರಿ" ಅಂದ. "ಹುಡುಗ ಹೇಳಿದ್ದು ಖರೇ. ಸೀಳೈತಿ."

"ಅಂದ ಮ್ಯಾಲ ಈ ಹುಡುಗನೇ ಕೆಡವ್ಯಾನ" ಎಂದರು ಬುವಾ.

"ತಡೀರಿ ಬುವಾ ಅವರ." ಗಾಳೆಪ್ಪನ ದನಿ ಈಗ ಬೇರೆಯಾಗಿತ್ತು. ಕೆಲಸಕ್ಕೆ ಕೈ ಹಚ್ಚಿದ ಮೇಲೆ ಅವನಿಗೆ ಎದುರಿಗಿರುವವರು ದೊಡ್ಡವರೋ ಸಣ್ಣವರೋ ಕಾಣುತ್ತಿರಲಿಲ್ಲ. "ಸೀಳು ಹೊಸದೋ ಹಳೇದೋ ನೋಡಬೇಕಲ್ಲ." ಬುರುಡೆಯನ್ನು ಬೆಳಕಿಗೆ ಹೊರಳಿಸಿದ. ಆ ಮಗ್ಗುಲ ಬಳ್ಳಿಯನ್ನೂ ಈ ಮಗ್ಗುಲ ಬಳ್ಳಿಯನ್ನೂ ಬೆರಳಿಟ್ಟು ಎಣಿಸಿದ. "ಆ ಕಡೆ ಐದು ಎಲಿ ಅದಾವ್ರಿ, ಈ ಕಡೆ ಆರು. ಹಿಂಗ ಜೋಡಿ ಬಳ್ಳಿ ಬರಿಯಾಂವ ಎಲಿ ತಪ್ಪಸೂದಿಲ್ಲ. ಈ ಆರನೇದು ಆಮ್ಯಾಗ ಬರದದ್ದು."

ಆರನೆಯ ಎಲೆಯ ಅಂಚಿಗೆ ಹೆಬ್ಬೆರಳಿಟ್ಟು ಮೆಲ್ಲಗೆ ಒತ್ತಿದ. ಬಣ್ಣದ ಒಂದು ಹಕ್ಕಳೆ ಎದ್ದು ಬಿತ್ತು. ಅದರಡಿ ಉದ್ದಕ್ಕೆ ಕಪ್ಪು ಗೆರೆ.

"ಅರಗು ತುಂಬಿ, ಮ್ಯಾಲೆ ಬಣ್ಣ ಬಳದಾರ. ಅರಗು ಒಣಗಿ ಬಿಟ್ಟುಕೊಂಡೈತಿ, ಅದಕ್ಕ ನಾದ ಸೋರ್ತೈತಿ. ಇದು ಇವತ್ತಿನ ಸೀಳಲ್ಲ. ಎರಡು ಮೂರು ವರ್ಷದ ಮಾತಿದು."

ಬುವಾ ಅವರು ಆ ಕಪ್ಪು ಗೆರೆಯ ಮೇಲೆ ಬೆರಳಾಡಿಸಿ ನೋಡಿದರು. ಆಮೇಲೆ ಎಲ್ಲರಿಗೂ ಕೇಳುವಂತೆ ಹೇಳಿದರು. ದೊಡ್ಡವರು ದೊಡ್ಡವರಾಗುವುದು ಇಂಥ ಹೊತ್ತಿನಲ್ಲೇ.

"ಮೂರು ವರ್ಷದ ಹಿಂದ ರೈಲಿನ್ಯಾಗ ಯಾರದೋ ಟ್ರಂಕು ಇದರ ಮ್ಯಾಲ ಬಿದ್ದಿತ್ತು. ರಿಪೇರಿಗೆ ಕೊಟ್ಟೆ. ರಿಪೇರಿ ಮಾಡಿದಾಂವ, ಮೆರಗಷ್ಟ ಹೋಗಿತ್ತು, ಸರಿಮಾಡೀನಿ ಅಂದ. ನಾ ನಂಬಿದೆ. ಮೂರು ವರ್ಷ ಇದರ ಮುಂದ ಕೂತು ಹಾಡೀನಿ, ನನಗ ಕೇಳಲಿಲ್ಲ. ಈ ಹುಡುಗಗ ಕಾಲು ತಾಸಿನ್ಯಾಗ ಕೇಳಿತು." ಅವರು ಪರಸುವಿನ ಎರಡೂ ಕೈ ಹಿಡಿದುಕೊಂಡರು. "ನಂದು ತಪ್ಪಾತೋ ಅಪ್ಪಾ. ಅಜ್ಜಾವರ, ಇವಗ ಎಷ್ಟು ವರ್ಷದಿಂದ ಕಲಸ್ತೀರಿ?"

"ನಂದು ಹದಿನಾಲ್ಕು ತಿಂಗಳು" ಎಂದರು ಅಜ್ಜನವರು. ಗಾಳೆಪ್ಪನ ಹೆಗಲ ಮೇಲೆ ಕೈಯಿಟ್ಟರು. "ಅದಕ್ಕೂ ಮೊದಲ ಎಂಟು ವರ್ಷ ಇವರ ಹತ್ತರ ಕಲತಾನ."

ಗಾಳೆಪ್ಪ ಮಗನ ಕಡೆ ತಿರುಗಿ ನೋಡಿದ. ಕಲ್ಲಿನ ರಾಶಿಯ ಮೇಲೆ ಹರಳು ಹಿಡಿದು ತಟ್ಟುತ್ತಿದ್ದ ಹುಡುಗ, ಅವನನ್ನು ನೋಡುತ್ತ ನಿಂತಿದ್ದ ಅಜ್ಜನವರು, ಎಲ್ಲ ಈಗ ಅವನಿಗೆ ತಿಳಿಯಿತು. ತನ್ನ ಮಗನನ್ನು ಅಜ್ಜನವರು ಕನಿಕರಕ್ಕೆ ಕರೆತಂದಿರಲಿಲ್ಲ. ತಾನು ಕೂಲಿ ಎಂದುಕೊಂಡು ಮಾಡುತ್ತ ಬಂದದ್ದರಲ್ಲೂ ಒಂದು ವಿದ್ಯೆಯಿತ್ತು, ಅದನ್ನು ಗುರುತಿಸಿದವರು ಈ ಭೂಮಿಯ ಮೇಲೆ ಇವರೊಬ್ಬರೇ. ಚಾಕರಿ ಎಂದು ತಾನು ಜರೆದ ಹದಿನಾಲ್ಕು ತಿಂಗಳು ಆ ವಿದ್ಯೆಗೆ ಹಾಕಿದ ನೀರು ಗೊಬ್ಬರವಾಗಿತ್ತು. ಅವನು ಅಜ್ಜನವರ ಪಾದ ಹಿಡಿದು ಗಳಗಳ ಅತ್ತುಬಿಟ್ಟ.

"ಬಾಯಿಗೆ ಬಂದಂಗ ಆಡಿದೆ ಬುದ್ಧಿ."

"ನೀ ಆಡಿದ್ದರಾಗ ಸುಳ್ಳಿರಲಿಲ್ಲೋ ಗಾಳೆಪ್ಪ. ಲೋಕದಾಗ ನೋಡಿದ್ದು ಹೇಳಿದಿ" ಎಂದ ಅಜ್ಜನವರು ಅವನನ್ನು ಎಬ್ಬಿಸಿ ಸಭೆಯ ಮುಂಗಡೆ ಕೂಡಿಸಿದರು.

ಮಠದ ಹಳೆಯ ತಂಬೂರಿಯೊಂದನ್ನು ತಂದರು. ಬಣ್ಣವಿಲ್ಲ, ಬಳ್ಳಿಯಿಲ್ಲ, ಮಕ್ಕಳ ಕೈ ತಾಗಿ ತಾಗಿ ನುಣುಪಾದ ಬುರುಡೆ. ಬುವಾ ಅವರು ಅದನ್ನು ಮುಟ್ಟದೆ ಕಟ್ಟೆಯ ಕೆಳಗೆ ಕೂತವನತ್ತ ನೋಡಿ, "ಗಾಳೆಪ್ಪನವರ, ಇದನ್ನೊಂದು ಸಲ ತಟ್ಟಿ ಕೊಡ್ರಿ" ಎಂದರು. ಆ ಸಭೆಯಲ್ಲಿ ಅವನನ್ನು ಹಾಗೆ ಕರೆದದ್ದು ಕೇಳಿ ಹಿಂದೆ ಗುಸುಗುಸು ಎಂದವರೆಲ್ಲ ತಲೆ ತಗ್ಗಿಸಿದರು. ಗಾಳೆಪ್ಪ ಮೂರು ಸಲ ತಟ್ಟಿ ತಲೆಯಾಡಿಸಿದ. ಪರಸು ಅದನ್ನು ಮಡಿಲಿಗೆ ತೆಗೆದುಕೊಂಡ. ಅಂದು ಬುವಾ ಅವರು ಹಾಡಿದ್ದು ಬೇರೆಯೇ ಹಾಡು ಎಂದು ಕೇಳಿದವರು ವರ್ಷಗಟ್ಟಲೆ ಹೇಳಿಕೊಂಡರು.

ಸಂಗೀತ ಮುಗಿದು ಹುಗ್ಗಿಯ ಊಟವಾಯಿತು. ಕರೆದುಕೊಂಡು ಹೋಗುವ ಮಾತನ್ನು ಗಾಳೆಪ್ಪ ಎತ್ತಲಿಲ್ಲ. ಅಜ್ಜನವರು ಮರೆತಿರಲಿಲ್ಲ. ಪರಸುವನ್ನು ಕರೆದು ಎದುರಿಗೆ ಕೂಡಿಸಿಕೊಂಡು, ತಂಬೂರಿಯನ್ನು ತಾವೇ ಮೀಟುತ್ತ, "ಇವತ್ತಿನಿಂದ ಬಾಯಿ ಬಿಡು" ಎಂದರು. ಹುಡುಗ ಷಡ್ಜ ಹಿಡಿದ. ಹದಿನಾಲ್ಕು ತಿಂಗಳು ಕಿವಿಯಲ್ಲಿ ಕೂತು ಮಾಗಿದ ಸ್ವರ ಎಲ್ಲೂ ನಡುಗದೆ ಬಂತು, ನಿಂತಿತು, ನಿಂತೇ ಇತ್ತು. ಕೆಮ್ಮಿ ಕೆಮ್ಮಿ ನೀಲಿಗಟ್ಟುತ್ತಿದ್ದ ಅದೇ ಎದೆಯಿಂದ ಅಷ್ಟು ಉದ್ದದ ಉಸಿರು ಬರುವುದನ್ನು ಗಾಳೆಪ್ಪ ಬಾಯಿ ತೆರೆದು ಕೇಳಿದ. ಆ ಒಂದು ಸ್ವರವನ್ನೇ ಹೊತ್ತುಕೊಂಡು ಮೂರು ಹರದಾರಿ ನಡೆದು ಮನೆಗೆ ಹೋದ. ಬೇವಿನ ಗಿಡದ ಕೆಳಗೆ ಜನ, "ಹುಡುಗನ್ನ ಕರಕೊಂಡು ಬರಲಿಲ್ಲೇನು?" ಎಂದು ಕೇಳಿದರು. "ನಿಮ್ಮ ಹುಡುಗರನ್ನ ಕರಕೊಂಡು ಹೋಗಾಕ ಬಂದೀನಿ" ಅಂದ.

ಆ ವರ್ಷ ಗಣಿಯ ಗುಡಿಸಲುಗಳಿಂದ ನಾಲ್ವರು ಹುಡುಗರು ಜಾಲಿದಿನ್ನಿಗೆ ಬಂದರು, ಮುಂದಿನ ವರ್ಷ ಏಳು ಮಂದಿ.

ಒಂಬತ್ತು ವರ್ಷಗಳ ನಂತರ, ಅದೇ ಶ್ರಾವಣದ ಸೋಮವಾರ, ಅದೇ ಕಟ್ಟೆಯ ಮೇಲೆ ಪರಸಪ್ಪನ ಮೊದಲ ಕಛೇರಿ. ದತ್ತೋಪಂತ ಬುವಾ ಅವರು ಇಳಿವಯಸ್ಸಿನಲ್ಲೂ ಬಂದು ಮುಂದಿನ ಸಾಲಿನಲ್ಲಿ ಕುಳಿತಿದ್ದರು. ಅಜ್ಜನವರು ಎಂದಿನಂತೆ ಅಡಿಗೆಮನೆಯ ಬಾಗಿಲಲ್ಲಿದ್ದರು. ತಂಬೂರಿಗಳ ಹಿಂದೆ ಗಣಿಯ ಇಬ್ಬರು ಹುಡುಗರು ಮೀಟಲು ಸಿದ್ಧರಾಗಿದ್ದರು. ಎಲ್ಲ ಸಜ್ಜಾಗಿತ್ತು, ಪರಸಪ್ಪ ಮಾತ್ರ ಶುರುಮಾಡಲಿಲ್ಲ. ಕಾಯುತ್ತ ಕೂತ. ಸಭೆಯ ಹಿಂದಿನಿಂದ ಗಾಳೆಪ್ಪನವರು ಎದ್ದು ಬಂದರು. ತಲೆ ಪೂರ್ತಿ ನೆರೆತಿತ್ತು, ಕಾಲಲ್ಲಿ ಅದೇ ಕೆಂಪು ದೂಳು. ಯಾರೂ ಕೈ ಹಿಡಿಯಬೇಕಾಗಲಿಲ್ಲ. ತಾವೇ ಜಮಖಾನೆ ಹತ್ತಿದರು. ಎರಡೂ ಬುರುಡೆಗಳನ್ನು ಮೂರು ಮೂರು ಸಲ ತಟ್ಟಿ ಕಿವಿಗೊಟ್ಟರು. ಆಮೇಲೆ ಅಡಿಗೆಮನೆಯ ಬಾಗಿಲ ಕಡೆಗೆ ಕೈ ಮುಗಿದು, ಮಗನ ಕಡೆ ತಿರುಗಿದರು.

"ಗಟ್ಟಿ ಐತಿ" ಎಂದರು. "ಹಾಡೋ ನನ್ನಪ್ಪಾ."